ಸಂಜೆಯಾದರೆ "ಮನೆಗೆ ಹೋಗಬೇಕು" ಎನ್ನುವ ಅಮ್ಮ

ಅಲ್ಜೈಮರ್ ಎಂಬ ಮರೆವಿನ ಕಾಯಿಲೆ ಇರುವ ಅಮ್ಮ, ಸ್ವಂತ ಮನೆಯಲ್ಲೇ ಇದ್ದರೂ ದಿನಾ ಸಂಜೆ "ಮನೆಗೆ ಹೋಗಬೇಕು" ಎಂದು ಹಟ ಹಿಡಿಯುತ್ತಾರೆ, ನೀವು ರೇಗಿ ಆಮೇಲೆ ಅಳುತ್ತೀರಿ, ಏನು ಮಾಡಲಿ ಎಂದು ಕೇಳಿದ್ದೀರಿ.

ಮೊದಲು "ಇದೇ ನಮ್ಮನೆ ಅಮ್ಮ" ಎಂದು ವಾದ ಮಾಡೋದನ್ನು ಬಿಟ್ಟುಬಿಡಿ. ಅಲ್ಜೈಮರ್‌ನಲ್ಲಿ ಹೊಸ ನೆನಪು ಕೂಡಿಡುವ ಹಿಪೊಕ್ಯಾಂಪಸ್ ಎಂಬ ಮಿದುಳಿನ ಭಾಗ ಬೇಗನೆ ಹಾಳಾಗುತ್ತದೆ. ನೀವು ಹೇಳಿದ್ದು ಐದು ನಿಮಿಷಕ್ಕೆ ಮಾಯವಾಗಬಹುದು. ನಿಮ್ಮ ಸಿಟ್ಟಿನ ಬಿಸಿ ಮಾತ್ರ ಮನಸ್ಸಲ್ಲಿ ಉಳಿದುಬಿಡುತ್ತದೆ. ಅವರು ಕೇಳುವ 'ಮನೆ' ಎಷ್ಟೋ ಸಲ ಕಟ್ಟಡವೇ ಅಲ್ಲ, ನೆಮ್ಮದಿ. "ಆ ಮನೆಯಲ್ಲಿ ಯಾರ್ಯಾರಿದ್ದರು ಹೇಳಮ್ಮ" ಎಂದು ಮಾತಿಗೆಳೆಯಿರಿ. ಕತ್ತಲಾಗುವ ಮೊದಲೇ ದೀಪ ಹಾಕಿ, ನೆರಳು ಕಂಡರೂ ಅವರು ಹೆದರಬಹುದು. ಸಂಜೆ ಜಾಸ್ತಿಯಾಗುವ ಈ ತಳಮಳಕ್ಕೆ ಸನ್‌ಡೌನಿಂಗ್ ಎನ್ನುತ್ತಾರೆ.

ಆದರೆ ಒಂದೆರಡು ದಿನದಲ್ಲೇ ಗೊಂದಲ ದಿಢೀರ್ ಏರಿದರೆ, ಮರೆವಿನ ಕಾಯಿಲೆ ತಾನೇ ಅಂತ ಸುಮ್ನಿರಬೇಡಿ. ಮೂತ್ರದ ಸೋಂಕೋ ಹೊಸ ಮಾತ್ರೆಯೋ ಕಾರಣವಿರಬಹುದು. ಕೂಡಲೇ ಡಾಕ್ಟರಿಗೆ ತೋರಿಸಿ.

ನಿಮ್ಮ ನಿದ್ದೆ ಕೆಟ್ಟ ವಿಷಯವನ್ನು ಪ್ರಶ್ನೆಯ ಕೊನೆಯ ಸಾಲಿಗೆ ತಳ್ಳಿದ್ದೀರಿ, ಅಲ್ವಾ? ಅಪ್ಪನ ಮೇಲೆ ಕೂಗಾಡಿ ಬಚ್ಚಲಲ್ಲಿ ಕೂತು ಅತ್ತವನು ನಾನೂ. "ಏನಾದರೂ ಬೇಕಾದರೆ ಹೇಳು" ಎನ್ನುವ ತಮ್ಮನಿಗೆ ಹೇಳಿಯೇಬಿಡಿ: "ಭಾನುವಾರ ನಾಲ್ಕರಿಂದ ಎಂಟರವರೆಗೆ ನೀನು ಇರಬೇಕು." ಆ ಹೊತ್ತಲ್ಲಿ ಬಟ್ಟೆ ಒಗೆಯಲು ಕೂರಬೇಡಿ, ಮಲಗಿ. ಆರೈಕೆ ಮಾಡುವವರ ಹೊರೆ ಅಳೆಯಲೆಂದೇ ಝಾರಿಟ್ ಹೆಸರಿನ 22 ಪ್ರಶ್ನೆಗಳ ಪಟ್ಟಿ ಇದೆ. ಮುಂದಿನ ಸಲ ಅಮ್ಮನನ್ನು ಡಾಕ್ಟರ ಬಳಿ ಕರೆದೊಯ್ದಾಗ ಅದರ ಬಗ್ಗೆಯೂ ಕೇಳಿ.