ದ್ರೋಹ ಅಂದರೆ ಯಾವ ದ್ರೋಹ?

ಪ್ರಶ್ನೆ: ಸರ್ಕಾರವನ್ನು ಬೈದವರನ್ನು ದೇಶದ್ರೋಹಿ ಅಂತಾರೆ, ಕೈಗಡ ತೀರಿಸದವರನ್ನೂ ದ್ರೋಹಿ ಅಂತಾರೆ. ಕಾನೂನು ಏನು ಹೇಳುತ್ತದೆ?
– ಓದುಗರು, ಹುಮನಾಬಾದ್, ಬೀದರ್ ಜಿಲ್ಲೆ

ಉತ್ತರ: ‘ದೇಶದ್ರೋಹ’ ಎಂಬ ಹೆಸರಿನ ಅಪರಾಧ ಈಗಿನ ಅಪರಾಧ ಕಾನೂನಾದ ಭಾರತೀಯ ನ್ಯಾಯ ಸಂಹಿತೆಯಲ್ಲಿ ಇಲ್ಲ. ದೇಶದ ವಿರುದ್ಧ ಯುದ್ಧ ಹೂಡುವುದು 147ನೇ ಕಲಂ. ಶಿಕ್ಷೆ ಮರಣದಂಡನೆ ಅಥವಾ ಜೀವಾವಧಿ. ರಾಜದ್ರೋಹದ, ಅಂದರೆ ಸರ್ಕಾರದ ವಿರುದ್ಧ ದ್ವೇಷ ಕೆರಳಿಸುವ ಅಪರಾಧದ 124ಎ ಕಲಂ ಹಳೆಯ ದಂಡ ಸಂಹಿತೆಗೆ ಬ್ರಿಟಿಷರು 1870ರಲ್ಲಿ ಸೇರಿಸಿದ್ದು. 1962ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಹಿಂಸೆಗೆ ಪ್ರಚೋದಿಸುವ ಮಾತಿಗೆ ಸೀಮಿತಗೊಳಿಸಿತು. ಬರೀ ಕಟುಟೀಕೆ ಸಾಲದು. 2024ರ ಜುಲೈ 1ರಿಂದ ಆ ಜಾಗದಲ್ಲಿ ನ್ಯಾಯ ಸಂಹಿತೆಯ 152ನೇ ಕಲಂ ಇದೆ. ಪ್ರತ್ಯೇಕತೆ, ಸಶಸ್ತ್ರ ದಂಗೆಗೆ ಪ್ರಚೋದನೆ ಇದರ ವ್ಯಾಪ್ತಿಗೆ ಬರುತ್ತವೆ.

ನಿಮ್ಮ ಜಿಲ್ಲೆಯದೇ ಉದಾಹರಣೆ ಇದೆ. ಬೀದರಿನ ಶಾಲೆಯೊಂದರ ಮಕ್ಕಳ ನಾಟಕದ ಮೇಲೆ 2020ರಲ್ಲಿ ರಾಜದ್ರೋಹದ ಕೇಸು ಬಿತ್ತು. 2023ರಲ್ಲಿ ಹೈಕೋರ್ಟಿನ ಕಲಬುರಗಿ ಪೀಠ ಅದನ್ನು ರದ್ದುಮಾಡಿತು. ಅವಹೇಳನದ ಮಾತು ಸರಿಯಲ್ಲ, ಆದರೆ ಅದು ರಾಜದ್ರೋಹವಲ್ಲ ಎಂಬುದು ತೀರ್ಪಿನ ತಿರುಳು. ಇದನ್ನು ಎಲ್ಲರೂ ತಿಳಿದಿರಬೇಕು.

ಇನ್ನು ಕೈಗಡ. ಸಾಲ ತೀರಿಸದಿದ್ದರೆ ಅಷ್ಟಕ್ಕೇ ನಂಬಿಕೆದ್ರೋಹ ಆಗದು. ಕಾಪಾಡಿಕೊಡು ಎಂದು ಒಪ್ಪಿಸಿದ ಒಡವೆಯನ್ನೋ ಹಣವನ್ನೋ ದುರುದ್ದೇಶದಿಂದ ಸ್ವಂತಕ್ಕೆ ಬಳಸಿದರೆ ಮಾತ್ರ 316ನೇ ಕಲಂ. ಸಾಮಾನ್ಯವಾಗಿ 5 ವರ್ಷದವರೆಗೆ ಸೆರೆ. ಠಾಣೆಗೆ ಹೋದವರು ಎಡವುವುದು ಇಲ್ಲೇ: ಒಪ್ಪಿಸಿದ್ದಕ್ಕೆ ಚೀಟಿ, ಮೆಸೇಜು, ಸಾಕ್ಷಿ ಯಾವುದೂ ಇರುವುದಿಲ್ಲ. ಸಾಲವಾದರೆ ವಕೀಲರ ನೋಟಿಸು ಕೊಟ್ಟು, ಕೊಟ್ಟ ದಿನದಿಂದ ಸಾಮಾನ್ಯವಾಗಿ 3 ವರ್ಷದೊಳಗೆ ಸಿವಿಲ್ ದಾವೆ ಹೂಡಿ.