ಸಿಮ್ಯುಲೇಶನ್‌ನಲ್ಲಿ 12 ವೋಲ್ಟ್, ಬೋರ್ಡ್ ಮೇಲೆ 8

ಪ್ರಶ್ನೆ: ಸರ್, 20 ವೋಲ್ಟ್‌ನಿಂದ 12 ವೋಲ್ಟ್, 4 ಆಂಪ್ ಕೊಡುವ ಪವರ್ ಸಪ್ಲೈ ಮಾಡುತ್ತಿದ್ದೇನೆ. 2ಎನ್3055 ಟ್ರಾನ್ಸಿಸ್ಟರ್, ಬೇಸ್‌ಗೆ 13 ವೋಲ್ಟ್ ಝೀನರ್ (ವೋಲ್ಟೇಜ್ ಸ್ಥಿರವಾಗಿಡುವ ಡಯೋಡ್), 20 ವೋಲ್ಟ್‌ನಿಂದ ಅದಕ್ಕೆ 100 ಓಮ್ ರೆಸಿಸ್ಟರ್. ಸರ್ಕ್ಯೂಟನ್ನು ಕಂಪ್ಯೂಟರಿನಲ್ಲೇ ಓಡಿಸಿ ನೋಡುವ ಎಲ್‌ಟಿಸ್ಪೈಸ್‌ನಲ್ಲಿ ಎನ್‌ಪಿಎನ್ ಟ್ರಾನ್ಸಿಸ್ಟರ್ ಚಿಹ್ನೆ ಇಟ್ಟು ಅದೇ ಹೆಸರು ಬರೆದು ಓಡಿಸಿದರೆ ಎಲ್ಲ ಸರಿ. ಬೋರ್ಡ್ ಮೇಲೆ ಲೋಡ್ ಕೊಟ್ಟರೆ 8 ವೋಲ್ಟ್‌ಗೆ ಇಳಿಯುತ್ತದೆ. ಯಾಕೆ?
– ಓದುಗರು, ವಿಜಯಪುರ

ಉತ್ತರ: ಚಿಹ್ನೆಯ ಪಕ್ಕ ಸುಮ್ನೆ ಹೆಸರು ಬರೆದರೆ ಸಾಲದು. ಆ ಹೆಸರಿಗೆ ತಕ್ಕ ಮಾಡೆಲ್, ಅಂದರೆ ಆ ಟ್ರಾನ್ಸಿಸ್ಟರ್‌ನ ಗುಣಗಳನ್ನು ಅಂಕಿಗಳಲ್ಲಿ ಹೇಳುವ ಸಾಲು, ಬೇಕು. ನೀವು ಹಾಕಿದ ಮಾಡೆಲ್ ಸಾಲು ಖಾಲಿ ಇದ್ದರೆ ಸ್ಪೈಸ್ ಬಿಎಫ್ (ಗೇನ್, ಅಂದರೆ ಬೇಸ್ ಕರೆಂಟಿನ ಎಷ್ಟು ಪಟ್ಟು ಕಲೆಕ್ಟರ್ ಕರೆಂಟ್ ಎಂಬುದು) 100 ಎಂದು ತಾನೇ ಹಿಡಿಯುತ್ತದೆ, ಆ ಲೆಕ್ಕದಲ್ಲಿ 4 ಆಂಪ್‌ಗೆ 40 ಮಿಲಿಆಂಪ್ ಬೇಸ್ ಕರೆಂಟ್ ಸಾಕು, ನಿಮ್ಮ ರೆಸಿಸ್ಟರ್ 70 ಮಿಲಿಆಂಪ್‌ನಷ್ಟು ಕೊಡುತ್ತದೆ. ಕಂಪನಿ ಕೊಡುವ ವಿವರಪಟ್ಟಿ, ಅಂದರೆ ಡೇಟಾಶೀಟ್ ನೋಡಿ: 4 ಆಂಪ್‌ನಲ್ಲಿ ಗೇನ್ 20ರಿಂದ 70. ನಿಮ್ಮ ಕೈಗೆ 20ರ ಪೀಸ್ ಬಂದರೆ 200 ಮಿಲಿಆಂಪ್ ಬೇಕು. ಎಲ್ಲಿಂದ ಬರಬೇಕು? ಅದಕ್ಕೇ ವೋಲ್ಟೇಜ್ ಕುಸಿಯುತ್ತಿದೆ.

ಕಂಪನಿಯವರೇ ಕೊಡುವ ಮಾಡೆಲ್ ತಂದು ಹಾಕಿ. ಆದರೆ ಅದನ್ನೂ ಕಣ್ಣು ಮುಚ್ಚಿ ನಂಬಬೇಡಿ, ಮೊದಲು ಆ ಟ್ರಾನ್ಸಿಸ್ಟರ್ ಒಂದನ್ನೇ ಇಟ್ಟು ಪರೀಕ್ಷೆ ಮಾಡಿ: ಕಲೆಕ್ಟರ್‌ಗೆ 4 ವೋಲ್ಟ್, ಬೇಸ್‌ಗೆ ಕರೆಂಟ್ ಸೋರ್ಸ್, ಅದನ್ನು ಏರಿಸುತ್ತಾ ಹೋಗಿ ಕಲೆಕ್ಟರ್ ಕರೆಂಟನ್ನು ಬೇಸ್ ಕರೆಂಟಿನಿಂದ ಭಾಗಿಸಿದ ಗ್ರಾಫ್ ತೆಗೆಯಿರಿ. ಡೇಟಾಶೀಟ್‌ನಲ್ಲಿ 10 ಆಂಪ್‌ಗೆ ಗೇನ್ ಕನಿಷ್ಠ 5 ಅಷ್ಟೇ. ನಿಮ್ಮ ಗ್ರಾಫ್ ಅಲ್ಲಿಯೂ ಬೀಳದೆ ಮಟ್ಟಸವಾಗಿ ಹೋದರೆ ಮಾಡೆಲ್‌ನಲ್ಲಿ ಐಕೆಎಫ್ ಎಂಬ ಅಂಕಿ ಇಲ್ಲ ಎಂದೇ ಅರ್ಥ. ಕರೆಂಟ್ ಜಾಸ್ತಿಯಾದಾಗ ಗೇನ್ ಇಳಿಸುವುದು ಅದೇ. ಡೇಟಾಶೀಟಿನ ಗ್ರಾಫಿಗೆ ಹೊಂದುವವರೆಗೆ ಅದನ್ನು ತಿದ್ದಿ. ಆಮೇಲೆ ಬಿಎಫ್ ಕಡಿಮೆ ಮಾಡಿಯೂ ಓಡಿಸಿ, ಕೆಟ್ಟ ಪೀಸ್‌ಗೂ ಸರ್ಕ್ಯೂಟ್ ನಿಲ್ಲಬೇಕು ಅಲ್ವಾ?

ಇನ್ನು ಬಿಸಿ. ಸ್ಪೈಸ್ ನೀವು ಹೇಳದಿದ್ದರೆ 27 ಡಿಗ್ರಿ ಎಂದುಕೊಂಡೇ ಇರುತ್ತದೆ, ಟ್ರಾನ್ಸಿಸ್ಟರ್ ತಾನೇ ಕಾಯುವುದು ಅದಕ್ಕೆ ಗೊತ್ತಿಲ್ಲ. ಸರ್ಕ್ಯೂಟ್ ಸರಿಯಾಗಿ ನಡೆದಾಗ ಟ್ರಾನ್ಸಿಸ್ಟರ್ ಮೇಲೆ ಉಳಿಯುವುದು 20ರಲ್ಲಿ 12 ಕಳೆದು 8 ವೋಲ್ಟ್, ಕರೆಂಟ್ 4 ಆಂಪ್, ಅಂದರೆ 32 ವಾಟ್. ಒಳಗಿನಿಂದ ಕೇಸ್‌ಗೆ ವಾಟ್‌ಗೆ 1.52 ಡಿಗ್ರಿ, ನಡುವಿನ ಮೈಕಾ ಹಾಳೆಗೆ ಅರ್ಧ, ಹೀಟ್‌ಸಿಂಕ್‌ಗೆ 1 ಹಿಡಿದರೂ ಸುಮಾರು 97 ಡಿಗ್ರಿ ಏರುತ್ತದೆ. ವಿಜಯಪುರದ ಬೇಸಿಗೆಯ 40 ಸೇರಿಸಿ. ಆ 137ಕ್ಕೆ ಸ್ಪೈಸ್‌ನ ಟೆಂಪ್ (ತಾಪಮಾನ) ಇಟ್ಟು ಮತ್ತೆ ಓಡಿಸಿ.

ಮಾಮೂಲಿ ಮಾಡೆಲ್‌ಗೆ 60 ವೋಲ್ಟ್ ಮಿತಿಯಾಗಲಿ, ಸೆಕೆಂಡ್ ಬ್ರೇಕ್‌ಡೌನ್ (ಒಳಗೆ ಒಂದೇ ಕಡೆ ಕಾದು ಸುಟ್ಟುಹೋಗುವುದು) ಆಗಲಿ ಗೊತ್ತಿರುವುದಿಲ್ಲ. ಆಲ್ಟ್ ಒತ್ತಿ ಟ್ರಾನ್ಸಿಸ್ಟರ್ ಮೇಲೆ ಕ್ಲಿಕ್ ಮಾಡಿದರೆ ವಾಟ್ ಕಾಣುತ್ತದೆ, ಡೇಟಾಶೀಟಿನ ಸೇಫ್ ಏರಿಯಾ ಗ್ರಾಫಿಗೆ ಕೈಯಾರೆ ಹೋಲಿಸಿ. ಬೋರ್ಡಿಗೆ ಸದ್ಯ ಬೇಕಾದದ್ದು 2ಎನ್3055ರ ಬೇಸ್‌ಗೆ ಕರೆಂಟ್ ಒದಗಿಸುವ ಬಿಡಿ139ನಂಥ ಇನ್ನೊಂದು ಟ್ರಾನ್ಸಿಸ್ಟರ್, ಅಂದರೆ ಡ್ರೈವರ್, ಅದಕ್ಕೂ ಚಿಕ್ಕ ಹೀಟ್‌ಸಿಂಕ್ ಇರಲಿ. ಡ್ರೈವರ್ ಸೇರಿದರೆ ಇನ್ನೂ 0.7 ವೋಲ್ಟ್ ಕಳೆಯುತ್ತದೆ, ಝೀನರ್ ಅಷ್ಟು ಏರಿಸಿ.