ನಿವೃತ್ತಿ ಹಣ ತಡವಾದರೆ ಬಡ್ಡಿ ಸಿಗುತ್ತಾ?

ಪ್ರಶ್ನೆ: ನಾನು ರಾಜ್ಯ ಸರ್ಕಾರಿ ನೌಕರ, ಈಗ ನಿವೃತ್ತ. ಗ್ರಾಚ್ಯುಟಿ, ಪಿಂಚಣಿ ಬಾಕಿ ಕೈಗೆ ಬರಲು ಎರಡು ವರ್ಷ ಹಿಡಿಯಿತು. ನನ್ನ ಮೇಲೆ ಯಾವ ವಿಚಾರಣೆಯೂ ಇರಲಿಲ್ಲ. ಬಡ್ಡಿ ಕೇಳಿದರೆ, 'ಹಣ ಬಂತಲ್ಲ, ಇನ್ನೇನು?' ಅಂತಾರೆ.

ಉತ್ತರ: ಸುಮ್ನೆ ಕೂರಬೇಡಿ. ಅಸಲು ಪಡೆದ ಮಾತ್ರಕ್ಕೆ ಬಡ್ಡಿಯ ಹಕ್ಕು ಹೋಗುವುದಿಲ್ಲ. ಪಿಂಚಣಿ, ಗ್ರಾಚ್ಯುಟಿ ಸರ್ಕಾರ ಕೊಡುವ ಭಿಕ್ಷೆಯಲ್ಲ, ನೀವು ದುಡಿದು ಗಳಿಸಿದ್ದು.

ಕೇರಳದ ಪದ್ಮನಾಭನ್ ನಾಯರ್ ಪ್ರಕರಣ ನೋಡಿ. ಖಜಾನೆಯಿಂದ ಕೊನೆಯ ವೇತನ ಪ್ರಮಾಣಪತ್ರ ಬರಲಿಲ್ಲ ಅನ್ನೋ ಒಂದೇ ಕಾರಣಕ್ಕೆ ಅವರ ಹಣ ಎರಡು ವರ್ಷಕ್ಕಿಂತ ಜಾಸ್ತಿ ನಿಂತಿತ್ತು. ಒಂದು ಕಾಗದಕ್ಕೆ! ತಪ್ಪು ಕಚೇರಿಯದ್ದಾದರೆ ನಿವೃತ್ತಿಯಾಗಿ ಎರಡು ತಿಂಗಳು ಕಳೆದ ಮೇಲೆ ಬಡ್ಡಿ ಕೊಡಲೇಬೇಕು ಎಂದು ಸುಪ್ರೀಂ ಕೋರ್ಟ್ 1984ರಲ್ಲೇ ಹೇಳಿತು. ಅದೇ ಕೋರ್ಟಿನ 2008ರ ಎಸ್.ಕೆ. ದುವಾ ಪ್ರಕರಣದ ತೀರ್ಪು ಇನ್ನೂ ಮುಂದೆ ಹೋಗಿ, ನಿಯಮದಲ್ಲಿ ಬಡ್ಡಿಯ ಮಾತೇ ಇಲ್ಲದಿದ್ದರೂ ಸಂವಿಧಾನದ 14, 19, 21ನೇ ವಿಧಿಗಳ (ಸಮಾನತೆ, ಸ್ವಾತಂತ್ರ್ಯ, ಜೀವಿಸುವ ಹಕ್ಕು) ಆಧಾರದಲ್ಲಿ ಕೇಳಬಹುದು ಎಂದಿತು.

ಮೊದಲು ಇಲಾಖೆಗೆ ಲಿಖಿತ ಮನವಿ ಕೊಡಿ. ನಿವೃತ್ತಿ ದಿನಾಂಕ, ಯಾವ ಹಣ ಯಾವತ್ತು ಬಂತು, ಎಷ್ಟು ತಡ, ಎಲ್ಲ ಬರೆಯಿರಿ. ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳದೆ ಬರಬೇಡಿ, ಆಮೇಲೆ ಅದೇ ಸಾಕ್ಷಿ. ಆರು ತಿಂಗಳಾದರೂ ಉತ್ತರ ಬರದಿದ್ದರೆ, ಅಲ್ಲಿಂದ ಒಂದು ವರ್ಷದೊಳಗೆ ಸರ್ಕಾರಿ ನೌಕರರ ಸೇವಾ ವ್ಯಾಜ್ಯ ಕೇಳುವ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು. ಈ ಗಡುವು ಮೀರಿ ಹಕ್ಕು ಕಳೆದುಕೊಂಡರೆ ಅನ್ಯಾಯ ಅಲ್ವಾ?

ಗ್ರಾಚ್ಯುಟಿ ಕಾಯ್ದೆಗೆ (2025ರ ನವೆಂಬರ್‌ನಿಂದ ಅದರ ಜಾಗದಲ್ಲಿ ಸಾಮಾಜಿಕ ಭದ್ರತಾ ಸಂಹಿತೆ ಬಂದಿದೆ) ಒಳಪಟ್ಟ ನಿಗಮ, ಮಂಡಳಿಗಳಲ್ಲಿ ಇದ್ದವರಿಗೆ ದಾರಿ ಬೇರೆ: ಆ ಕಾಯ್ದೆಯಡಿ 30 ದಿನದೊಳಗೆ ಗ್ರಾಚ್ಯುಟಿ ಕೊಡದಿದ್ದರೆ ವರ್ಷಕ್ಕೆ ಶೇ 10ರ ಸರಳ ಬಡ್ಡಿ ಕೊಡಬೇಕಿತ್ತು.